ಬೆಟ್ಟದ ಎಣ್ಣೆ, ಕಡಲಿನ ಉಪ್ಪು

ಇಟಲಿಯ ಜೆನೋವಾ ನಗರದ ಹಳೆಯ ಬಂದರಿನ ಹಿಂದಿನ ಓಣಿಯೊಂದರಲ್ಲಿ, ಬೆಳಗಿನ ಏಳೂವರೆಯ ಹೊತ್ತಿಗೆ, ಬೇಕರಿಯ ಕಟ್ಟೆಗೆ ಒರಗಿ ನಿಂತು ಫೊಕಾಚ್ಚಾ ಎಂಬ ಎಣ್ಣೆ ಸವರಿದ ಚಪ್ಪಟೆ ರೊಟ್ಟಿಯ ತುಂಡೊಂದನ್ನು ಬಾಯಿಗಿಡುವಷ್ಟರಲ್ಲಿ, ಪಕ್ಕದಲ್ಲಿದ್ದ ಹಿರಿಯರೊಬ್ಬರು ನನ್ನತ್ತ ನೋಡಿ ತಮ್ಮ ಅಂಗೈಯನ್ನು ಗಾಳಿಯಲ್ಲಿ ಮಗುಚಿ ತೋರಿಸಿದರು. ಮೊದಲಿಗೆ ಏನೂ ಅರ್ಥವಾಗಲಿಲ್ಲ. ಅವರು ತಮ್ಮ ಕೈಯಲ್ಲಿದ್ದ ತುಂಡನ್ನು ತಲೆಕೆಳಗು ಮಾಡಿ ಕಚ್ಚಿ ತೋರಿಸಿದ ಮೇಲೆ ತಿಳಿಯಿತು: ಉಪ್ಪು ಮತ್ತು ಎಣ್ಣೆ ಇರುವ ಮೇಲ್ಭಾಗ ಮೊದಲು ನಾಲಿಗೆಗೆ ತಗುಲಬೇಕು, ಅಂಗುಳಿಗಲ್ಲ. ಆಮೇಲೆ ಅವರು ಅದೇ ಉಪ್ಪು ರೊಟ್ಟಿಯನ್ನು ಹಾಲು ಬೆರೆತ ಕಾಫಿಯಲ್ಲಿ ಅದ್ದಿ ತಿಂದರು. ನಾನು ಮುಖ ಕಿವುಚಿದ್ದನ್ನು ಅವರು ಗಮನಿಸಿರಬೇಕು, ಸುಮ್ಮನೆ ನಕ್ಕರು. ಮರುದಿನ ಬೆಳಿಗ್ಗೆ ನಾನೂ ಅದ್ದಿ ತಿಂದೆ. ಕಾಫಿಯ ಕಹಿ, ಹಾಲಿನ ಸಿಹಿ, ಮೇಲೆ ತೇಲುವ ಆಲಿವ್ ಎಣ್ಣೆಯ ಹನಿ ಮತ್ತು ಹರಳುಪ್ಪು ಒಟ್ಟಿಗೆ ಸೇರಿದಾಗ ಹುಟ್ಟುವ ರುಚಿಯನ್ನು ಹೊಗಳಲು ನನಗೆ ಎರಡು ದಿನ ಬೇಕಾಯಿತು, ಬಿಡಲು ಮಾತ್ರ ಕೊನೆಯ ದಿನದವರೆಗೂ ಆಗಲಿಲ್ಲ.

ಇಟಲಿಯ ವಾಯವ್ಯ ಮೂಲೆಯ ಲಿಗೂರಿಯಾ ಪ್ರಾಂತ್ಯಕ್ಕೆ ನಾನು ಹೊರಟಾಗ ಮನಸ್ಸಿನಲ್ಲಿ ಸಣ್ಣ ಅಳುಕಿತ್ತು. ನಾನು ಸಸ್ಯಾಹಾರಿ. ಕಡಲ ಕರೆಯುದ್ದಕ್ಕೂ ಚಾಚಿಕೊಂಡ ಪ್ರದೇಶವೆಂದ ಮೇಲೆ ತಟ್ಟೆಯಲ್ಲೆಲ್ಲ ಮೀನೇ ಇದ್ದೀತು, ನನ್ನ ಪಾಲಿಗೆ ಬ್ರೆಡ್ಡು ಮತ್ತು ಹಣ್ಣು ಎಂದುಕೊಂಡೇ ಚೀಲ ಕಟ್ಟಿದ್ದೆ. ಹತ್ತು ದಿನಗಳ ಬಳಿಕ ನನಗೆ ಸ್ಪಷ್ಟವಾದದ್ದು ಬೇರೆಯೇ ಸಂಗತಿ. ಲಿಗೂರಿಯಾದ ಮನೆಗಳ ಕಿಟಕಿಗಳು ಕಡಲಿನ ಕಡೆ ತೆರೆದಿವೆ, ಆದರೆ ಅಲ್ಲಿನ ಅಡುಗೆಮನೆ ಬೆಟ್ಟದ ಕಡೆ ಮುಖಮಾಡಿ ಕುಳಿತಿದೆ. ಅಲ್ಲಿನ ಹೆಸರಾಂತ ತಿನಿಸುಗಳಲ್ಲಿ ಬಹುಪಾಲು ಸೊಪ್ಪು, ಕಾಳು, ಬೀಜ ಮತ್ತು ಎಣ್ಣೆಯಿಂದ ಆದವು. ಕಡಲು ಅವುಗಳಿಗೆ ಕೊಟ್ಟದ್ದು ಉಪ್ಪನ್ನು ಮತ್ತು, ಮುಂದೆ ಹೇಳುವಂತೆ, ಹಸಿವನ್ನು.

ಇದಕ್ಕೆ ಕಾರಣ ನೆಲದ ಆಕಾರದಲ್ಲೇ ಇದೆ. ಪಶ್ಚಿಮದಲ್ಲಿ ಫ್ರಾನ್ಸಿನ ಗಡಿಯ ವೆಂತಿಮೀಲಿಯಾದಿಂದ ಪೂರ್ವದಲ್ಲಿ ತೊಸ್ಕಾನಾದ (ಟಸ್ಕನಿಯ) ಅಂಚಿನವರೆಗೆ ಬಾಗಿದ ಬಿಲ್ಲಿನಂತಿರುವ ಈ ಪ್ರಾಂತ್ಯದ ಬೆನ್ನಿಗೆ ಆಲ್ಪ್ಸ್ ಮತ್ತು ಅಪೆನ್ನೈನ್ ಪರ್ವತಗಳು ಅಂಟಿಕೊಂಡಿವೆ. ಅನೇಕ ಕಡೆ ಬೆಟ್ಟ ಇಳಿಯುವುದಿಲ್ಲ, ನೇರವಾಗಿ ನೀರಿಗೆ ಬೀಳುತ್ತದೆ. ಗೋಧಿ ಬೆಳೆಯಲು ಬಯಲಿಲ್ಲ, ದನ ಮೇಯಿಸಲು ಹುಲ್ಲುಗಾವಲು ಕಡಿಮೆ. ಉತ್ತರದ ಚಳಿಗಾಳಿಯನ್ನು ಬೆಟ್ಟಗಳು ತಡೆಯುವುದರಿಂದ ಚಳಿಗಾಲ ಮಾತ್ರ ಮೃದು. ಹಾಗಾಗಿ ಗೇಣಗಲದ ನೆಲದಲ್ಲಿ ಏನು ಬೆಳೆಯಬಹುದೋ ಅದನ್ನು, ಅಂದರೆ ಆಲಿವ್, ದ್ರಾಕ್ಷಿ ಮತ್ತು ಸುವಾಸನೆಯ ಸೊಪ್ಪುಗಳನ್ನು ಜನ ಬೆಳೆದರು. ಜೆನೋವಾದಿಂದ ಪಶ್ಚಿಮಕ್ಕಿರುವ ಕರೆಗೆ ಸೂರ್ಯ ಮುಳುಗುವ ಕಡೆ ಎಂಬರ್ಥದ ಪೊನೆಂತೆ ಎಂದೂ, ಪೂರ್ವದ ಕರೆಗೆ ಸೂರ್ಯ ಹುಟ್ಟುವ ಕಡೆ ಎಂಬರ್ಥದ ಲೆವಾಂತೆ ಎಂದೂ ಹೆಸರು.

ಲಿಗೂರಿಯಾಕ್ಕೆ ಬರುವವರು ಸಾಮಾನ್ಯವಾಗಿ ಜೆನೋವಾದಲ್ಲಿ ರೈಲು ಬದಲಿಸಿ ಮುಂದೆ ಹೋಗಿಬಿಡುತ್ತಾರೆ. ಇದು ದೊಡ್ಡ ತಪ್ಪೆಂದು ನನ್ನ ಅಭಿಪ್ರಾಯ. ಶತಮಾನಗಳ ಕಾಲ ವೆನಿಸ್ಸಿನೊಂದಿಗೆ ಪೈಪೋಟಿ ನಡೆಸಿದ ಕಡಲ ಗಣರಾಜ್ಯದ ರಾಜಧಾನಿ ಇದು. ಇಲ್ಲಿನ ಸಿರಿವಂತರ ಅರಮನೆಗಳ ಪಟ್ಟಿಯೊಂದನ್ನು ಸರ್ಕಾರವೇ ಇಟ್ಟುಕೊಂಡಿರುತ್ತಿತ್ತು. ರಾಜ್ಯಕ್ಕೆ ಅತಿಥಿಗಳು ಬಂದಾಗ ಆ ಪಟ್ಟಿಯಲ್ಲಿರುವ ಮನೆಯವರು ಅವರಿಗೆ ವಸತಿ ಕೊಡಲೇಬೇಕಿತ್ತು. ರೊಲ್ಲಿ ಎಂದು ಕರೆಯುವ ಆ ಪಟ್ಟಿಯ ಅರಮನೆಗಳಲ್ಲಿ 42 ಈಗ ಯುನೆಸ್ಕೊದ ವಿಶ್ವಪರಂಪರೆಯ ಪಟ್ಟಿಯಲ್ಲಿವೆ. 2006ರಲ್ಲಿ ಅವನ್ನು ಸೇರಿಸಲಾಯಿತು. ಅರಮನೆಗಳ ಬೀದಿಯಿಂದ ನೂರು ಹೆಜ್ಜೆ ಇಳಿದರೆ ಕರೂಜ್ಜಿ ಎಂಬ ಓಣಿಗಳ ಜಾಲ ಶುರುವಾಗುತ್ತದೆ. ಎರಡೂ ಕೈ ಚಾಚಿದರೆ ಎರಡೂ ಗೋಡೆ ಮುಟ್ಟುವಷ್ಟು ಇಕ್ಕಟ್ಟಾದ ಈ ಓಣಿಗಳಲ್ಲಿ ಮಧ್ಯಾಹ್ನವೂ ಸಂಜೆಯಂತಿರುತ್ತದೆ, ಮೇಲೆ ನೋಡಿದರೆ ಒಣಹಾಕಿದ ಬಟ್ಟೆಗಳ ಸಂದಿಯಲ್ಲಿ ಆಕಾಶದ ನೀಲಿ ಪಟ್ಟಿ. ಕೆಲವು ಓಣಿಗಳು ಕತ್ತಲಾದ ಮೇಲೆ ಅಷ್ಟು ಹಿತವೆನಿಸುವುದಿಲ್ಲ ಎಂಬುದನ್ನೂ ಹೇಳಬೇಕು. ಅದೇ ನಗರದಲ್ಲಿ ಬೆಟ್ಟದ ಮೇಲಿನ ಬಡಾವಣೆಗಳಿಗೆ ಹೋಗಲು ಬಸ್ಸು ಹತ್ತುವಂತೆ ಲಿಫ್ಟ್ ಏರುವ ವ್ಯವಸ್ಥೆಯಿದೆ. ಕಾಸ್ತೆಲ್ಲೆತ್ತೊ ಲಿಫ್ಟಿನಿಂದ ಹೊರಬಂದು ಕಟಕಟೆಗೆ ನಿಂತರೆ ಬೂದುಬಣ್ಣದ ಕಲ್ಲುಚಪ್ಪಡಿಯ ಸೂರುಗಳು, ಅವುಗಳಾಚೆ ಕ್ರೇನುಗಳು, ಹಡಗುಗಳು ಮತ್ತು 1543ರಲ್ಲಿ ಈಗಿನ ರೂಪ ಪಡೆದ ಲಾಂತೆರ್ನಾ ದೀಪಸ್ತಂಭ ಒಂದೇ ನೋಟದಲ್ಲಿ ಸಿಗುತ್ತವೆ.

ಓಣಿಯ ತಿಂಡಿಗಳಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಫರಿನಾತಾ. ಕಾಬೂಲಿ ಕಡಲೆಯ ಹಿಟ್ಟು, ನೀರು, ಆಲಿವ್ ಎಣ್ಣೆ ಮತ್ತು ಉಪ್ಪು ಬಿಟ್ಟರೆ ಅದರಲ್ಲಿ ಬೇರೇನೂ ಇಲ್ಲ. ಹಿಟ್ಟನ್ನು ನೀರಾಗಿ ಕಲಸಿ ಹಲವು ಗಂಟೆ ನೆನೆಯಬಿಟ್ಟು, ಮೇಲೆ ಕಟ್ಟಿದ ನೊರೆಯನ್ನು ತೆಗೆದು, ಕಲಾಯಿ ಹಾಕಿದ ಅಗಲವಾದ ತಾಮ್ರದ ತಟ್ಟೆಯಲ್ಲಿ ಧಾರಾಳವಾಗಿ ಎಣ್ಣೆ ಸುರಿದು, ಅದರ ಮೇಲೆ ಈ ಕಲಕನ್ನು ಹೊಯ್ದು ಸೌದೆಯ ಒಲೆಗೆ ತಳ್ಳುತ್ತಾರೆ. ನಾನು ಹೋಗಿದ್ದ ಅಂಗಡಿಯಲ್ಲಿ ಕೆಲಸದಾಳು ಉದ್ದನೆಯ ಕೋಲಿನಿಂದ ಆ ತಟ್ಟೆಯನ್ನು ಒಲೆಯೊಳಗೇ ಸ್ವಲ್ಪ ಸ್ವಲ್ಪ ತಿರುಗಿಸುತ್ತಿದ್ದ. ತಟ್ಟೆಯ ಒಂದು ಮಗ್ಗುಲು ಬೆಂಕಿಗೆ ಹತ್ತಿರವಿರುವುದರಿಂದ ತಿರುಗಿಸದಿದ್ದರೆ ಅರ್ಧ ಕರಕು, ಅರ್ಧ ಹಸಿ. ಹೊರಬಂದಾಗ ಮೇಲ್ಮೈಯಲ್ಲಿ ಕಂದು ಚುಕ್ಕೆಗಳು ಎದ್ದಿದ್ದವು, ಅಂಚು ಗರಿಯಾಗಿತ್ತು, ಒಳಭಾಗ ಮಾತ್ರ ಹಾಲುಬಾಯಿಯಂತೆ ಮೆತ್ತಗಿತ್ತು. ಕಾಗದದ ಮೇಲೆ ಹಾಕಿ, ಕರಿಮೆಣಸು ಉದುರಿಸಿ ಕೈಗಿಟ್ಟರು. ಆರಿದ ಫರಿನಾತಾ ಚಕ್ಕೆ ಕಟ್ಟಿದ ಮಣ್ಣಿನಂತೆ, ಹಾಗಾಗಿ ಒಲೆಯ ಮುಂದೆ ಕಾಯುವವರೇ ಜಾಣರು. ಇದು ಹುಟ್ಟಿದ ಬಗೆಗೆ ಒಂದು ಕಥೆಯಿದೆ: 1284ರ ಮೆಲೋರಿಯಾ ಸಮರದಲ್ಲಿ ಪೀಸಾವನ್ನು ಸೋಲಿಸಿ ಮರಳುತ್ತಿದ್ದ ಜೆನೋವಾದ ಹಡಗುಗಳು ಬಿರುಗಾಳಿಗೆ ಸಿಕ್ಕಿ, ಎಣ್ಣೆಯ ಪೀಪಾಯಿಗಳೂ ಕಡಲೆಹಿಟ್ಟಿನ ಚೀಲಗಳೂ ಕಡಲ ನೀರಿನಲ್ಲಿ ಕಲೆತುಹೋಗಿ, ಬಿಸಿಲಿಗೆ ಒಣಗಿದ ಆ ರಾಡಿಯನ್ನು ಹಸಿದ ನಾವಿಕರು ತಿಂದರಂತೆ. ನಂಬಲೇಬೇಕಾದ ಕಥೆಯೇನಲ್ಲ, ಆದರೆ ಒಲೆಯ ಮುಂದೆ ಕಾಯುವಾಗ ಕೇಳಲು ಚೆನ್ನಾಗಿದೆ. ವಲಸೆ ಹೋದ ಜೆನೋವಾದವರ ಜೊತೆ ಈ ತಿಂಡಿ ಅರ್ಜೆಂಟೀನಾ ಮತ್ತು ಉರುಗ್ವೆಗೂ ಹೋಗಿದೆ. ಅಲ್ಲಿ ಅದನ್ನು ಫೈನಾ ಎಂಬ ಹೆಸರಿನಿಂದ ಪಿಜ್ಜಾದ ಮೇಲಿಟ್ಟುಕೊಂಡು ತಿನ್ನುತ್ತಾರೆ.

ಪೆಸ್ತೊ ಕುರಿತು ಬರೆಯುವಾಗ ತುಸು ನಿಧಾನಿಸಬೇಕು, ಏಕೆಂದರೆ ಜಗತ್ತಿನೆಲ್ಲೆಡೆ ಸೀಸೆಗಳಲ್ಲಿ ಸಿಗುವ ಹಸಿರು ಗೊಜ್ಜಿಗೂ ಜೆನೋವಾದಲ್ಲಿ ನಾನು ತಿಂದದ್ದಕ್ಕೂ ಹೆಸರೊಂದು ಬಿಟ್ಟರೆ ಹೆಚ್ಚಿನ ಹೋಲಿಕೆಯಿಲ್ಲ. ಪೆಸ್ತೊ ಎಂಬ ಪದ ಬಂದಿರುವುದೇ ಜಜ್ಜು ಎಂಬ ಕ್ರಿಯೆಯಿಂದ. ಅದಕ್ಕೆ ಬೇಕಾದುದು ಅಮೃತಶಿಲೆಯ ಒರಳು, ಮರದ ಕುಟ್ಟುಗೋಲು ಮತ್ತು ಏಳು ಪದಾರ್ಥಗಳು: ಕಾಮಕಸ್ತೂರಿಯ ಎಳೆ ಎಲೆ, ಬೆಳ್ಳುಳ್ಳಿ, ಪೈನ್ ಬೀಜ, ಪಾರ್ಮಿಜಾನೊ ಚೀಸ್, ಸಾರ್ದಿನಿಯಾದ ಕುರಿಹಾಲಿನ ಚೀಸ್, ಹರಳುಪ್ಪು, ಆಲಿವ್ ಎಣ್ಣೆ. ಎಲೆ ಎಲ್ಲಿಯದು ಎಂಬುದರ ಬಗ್ಗೆ ಅಲ್ಲಿನವರಿಗೆ ಹಟವೇ ಇದೆ. ಜೆನೋವಾದ ಪಶ್ಚಿಮ ಹೊರವಲಯದ ಪ್ರಾ ಎಂಬಲ್ಲಿ ಬೆಟ್ಟದ ಇಳಿಜಾರಿಗೆ ಅಂಟಿಕೊಂಡ ಗಾಜಿನಮನೆಗಳಲ್ಲಿ ಬೆಳೆದ ಗಿಡಗಳನ್ನು, ಇನ್ನೂ ಕೆಲವೇ ಎಲೆಗಳಿರುವಾಗ, ಬೇರುಸಹಿತ ಕಿತ್ತು ಹೂಗುಚ್ಛದಂತೆ ಕಾಗದದಲ್ಲಿ ಸುತ್ತಿ ಮಾರುತ್ತಾರೆ. ಬಲಿತ ಎಲೆಯಲ್ಲಿ ಪುದೀನದ ಛಾಯೆ ಬರುತ್ತದೆ, ಅದು ಅವರಿಗೆ ಆಗದು. ಜೆನೋವಾದ ಈ ಕಾಮಕಸ್ತೂರಿಗೆ 2005ರಿಂದ ಯುರೋಪಿನ ಮೂಲಸ್ಥಾನ ಸಂರಕ್ಷಣೆಯ ಮುದ್ರೆಯಿದೆ.

ಅಡುಗೆ ಕಲಿಸುವ ಮಹಿಳೆಯೊಬ್ಬರ ಮನೆಯಲ್ಲಿ ಒಂದು ಮಧ್ಯಾಹ್ನ ನನಗೂ ಒರಳಿನ ಮುಂದೆ ನಿಲ್ಲುವ ಅವಕಾಶ ಸಿಕ್ಕಿತು. ಮೊದಲು ಬೆಳ್ಳುಳ್ಳಿಯನ್ನೂ ಪೈನ್ ಬೀಜವನ್ನೂ ನುಣ್ಣಗೆ ಮಾಡಿ, ಬಳಿಕ ಒರೆಸಿ ಒಣಗಿಸಿದ ಎಲೆಗಳನ್ನು ಹರಳುಪ್ಪಿನ ಜೊತೆ ಹಾಕಿಕೊಳ್ಳಬೇಕು. ನಾನು ಉತ್ಸಾಹದಿಂದ ಕುಟ್ಟಲು ಶುರುಮಾಡಿದ ಕೂಡಲೇ ಅವರು ನನ್ನ ಮಣಿಕಟ್ಟು ಹಿಡಿದರು. ಎಲೆಯನ್ನು ಕುಟ್ಟಬಾರದು, ಕುಟ್ಟುಗೋಲನ್ನು ಒರಳಿನ ಗೋಡೆಗೆ ಒತ್ತಿ ಉರುಳಿಸುತ್ತ, ಇನ್ನೊಂದು ಕೈಯಿಂದ ಒರಳನ್ನು ಅದರ ಕಿವಿ ಹಿಡಿದು ಎದುರು ದಿಕ್ಕಿಗೆ ತಿರುಗಿಸುತ್ತ ಹೋಗಬೇಕು. ಒರಳಿಗೆ ನಾಲ್ಕು ಕಿವಿಗಳಿರುವುದು ಅಂದಕ್ಕೆಂದು ಅಲ್ಲಿಯವರೆಗೆ ನಾನು ತಿಳಿದಿದ್ದೆ. ಹರಳುಪ್ಪು ಎಲೆಯ ನಾರನ್ನು ಹರಿಯುತ್ತದೆ, ಕಲ್ಲು ತಣ್ಣಗಿರುವುದರಿಂದ ಎಲೆ ಕಪ್ಪಾಗುವುದಿಲ್ಲ. ಮಿಕ್ಸಿಯ ಅಲಗು ಎಲೆಯನ್ನು ಬಿಸಿಮಾಡಿ ಕಹಿಗೊಳಿಸುತ್ತದೆ ಎಂಬ ಅವರ ದೂರನ್ನು ನಾನು ಮೊದಲು ಹಳಬರ ಹಟವೆಂದುಕೊಂಡಿದ್ದೆ, ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ನೆಕ್ಕಿ ನೋಡಿದ ಮೇಲೆ ಸೋಲೊಪ್ಪಿಕೊಂಡೆ. ಪೆಸ್ತೊವನ್ನು ಎಂದೂ ಒಲೆಯ ಮೇಲಿಡುವುದಿಲ್ಲ. ಪಾಸ್ತಾ ಬೇಯಿಸಿದ ನೀರಿನ ಒಂದು ಸೌಟಿನಿಂದ ಸಡಿಲಿಸಿ ತ್ರೋಫಿಯೆ ಎಂಬ ಹೊಸೆದ ಪಾಸ್ತಾಕ್ಕೆ ಕಲಸುತ್ತಾರೆ. ಅದೇ ಪಾತ್ರೆಯಲ್ಲಿ ಪಾಸ್ತಾದ ಜೊತೆಗೇ ಆಲೂಗೆಡ್ಡೆಯನ್ನೂ ಹುರುಳಿಕಾಯಿಯನ್ನೂ ಬೇಯಿಸಿರುತ್ತಾರೆ. ಆಲೂಗೆಡ್ಡೆ ಅರ್ಧ ಕರಗಿ ಗೊಜ್ಜನ್ನು ಪಾಸ್ತಾಕ್ಕೆ ಅಂಟಿಸುತ್ತದೆ. 1863ರಲ್ಲಿ ಜೆನೋವಾದಲ್ಲಿ ಅಚ್ಚಾದ ಅಡುಗೆ ಪುಸ್ತಕವೊಂದರಲ್ಲಿ ಪೆಸ್ತೊದ ಹಳೆಯ ವಿಧಾನ ದಾಖಲಾಗಿದ್ದು, ಅದರಲ್ಲಿ ಡಚ್ ಚೀಸನ್ನೂ ಹೇಳಿದೆ. ಇದು ಬಂದರಿನ ಊರು, ಹಡಗಿನಲ್ಲಿ ಬಂದದ್ದೆಲ್ಲ ಒರಳಿಗೂ ಬಂದಿರಬೇಕು. ಮೂಲ ಪಾಕ, ಶುದ್ಧ ಪಾಕ ಎಂದು ಇಂದು ಜಗಳವಾಡುವವರಿಗೆ ಈ ಒಂದು ಸಾಲನ್ನು ತೋರಿಸುವ ಆಸೆ ನನಗೆ. ಎರಡು ವರ್ಷಕ್ಕೊಮ್ಮೆ ಜೆನೋವಾದ ದುಕಾಲೆ ಅರಮನೆಯಲ್ಲಿ ಒರಳು ಪೆಸ್ತೊದ ವಿಶ್ವ ಸ್ಪರ್ಧೆಯೂ ನಡೆಯುತ್ತದೆ, ನೂರು ಮಂದಿ ನೂರು ಒರಳುಗಳ ಮುಂದೆ ನಿಲ್ಲುತ್ತಾರೆ.

ಹಸಿವಿನ ಮಾತು ಹೇಳಿದ್ದೆನಲ್ಲ, ಅದಕ್ಕೆ ಬರುತ್ತೇನೆ. ಲಿಗೂರಿಯಾದ ಅಡುಗೆಯನ್ನು ಮರಳಿ ಬಂದವರ ಅಡುಗೆ ಎಂದು ಕರೆಯುವ ರೂಢಿಯಿದೆ. ತಿಂಗಳುಗಟ್ಟಲೆ ಹಡಗಿನಲ್ಲಿ ಒಣ ಬಿಸ್ಕತ್ತು ಮತ್ತು ಉಪ್ಪು ಹಾಕಿದ ಮೀನು ತಿಂದು ಬೇಸತ್ತ ನಾವಿಕ ಮನೆಗೆ ಬಂದಾಗ ಕೇಳುತ್ತಿದ್ದುದು ಹಸಿರನ್ನು. ಕಡಲು ಅವನಿಗೆ ದುಡಿಮೆಯ ಜಾಗ; ಊಟದ ತಟ್ಟೆಯಲ್ಲೂ ಅದನ್ನೇ ನೋಡಲು ಅವನಿಗೆ ಮನಸ್ಸಿರಲಿಲ್ಲ. ಈ ವಿವರಣೆ ಪೂರ್ತಿ ನಿಜವೋ, ಬಡತನಕ್ಕೆ ತೊಡಿಸಿದ ಅಂದದ ಅಂಗಿಯೋ ಎಂದು ನನಗೆ ಅನುಮಾನವಿದ್ದರೂ, ಪಾನ್ಸೊತಿಯ ತಟ್ಟೆ ಎದುರಿಗೆ ಬಂದಾಗ ಅನುಮಾನ ತುಸು ಕರಗಿತು. ಪಾನ್ಸೊತಿ ಎಂದರೆ ಡೊಳ್ಳುಹೊಟ್ಟೆಯವು ಎಂದರ್ಥ. ಬೆಟ್ಟದಲ್ಲಿ ಆಯ್ದು ತಂದ ಕಾಡುಸೊಪ್ಪುಗಳ ಮಿಶ್ರಣವನ್ನು ಬೇಯಿಸಿ ಹಿಂಡಿ, ಪ್ರೆಶಿನ್ಸೇವಾ ಎಂಬ ಹುಳಿ ಚೀಸಿನೊಂದಿಗೆ ಕಲಸಿ, ಹಿಟ್ಟಿನ ಹಾಳೆಯಲ್ಲಿ ತುಂಬಿ ಮುಚ್ಚಿದ ಕಡುಬುಗಳು ಅವು. ಮೇಲೆ ಅಕ್ರೋಟಿನ ಬಿಳಿ ಗೊಜ್ಜು. ಹಾಲಿನಲ್ಲಿ ನೆನೆಸಿದ ಬ್ರೆಡ್ಡಿನ ತಿರುಳನ್ನೂ ಅಕ್ರೋಟನ್ನೂ ಬೆಳ್ಳುಳ್ಳಿಯನ್ನೂ ಅರೆದು ಮಾಡುವ ಆ ಗೊಜ್ಜಿನಲ್ಲಿ ಮರುಗದ ಪರಿಮಳ ಹಗುರವಾಗಿ ಸುಳಿಯುತ್ತದೆ. ಮರುಗವನ್ನು ಅಡುಗೆಗೆ ಇಷ್ಟು ಪ್ರೀತಿಯಿಂದ ಬಳಸುವ ಪ್ರದೇಶವನ್ನು ನಾನು ಬೇರೆಲ್ಲೂ ಕಂಡಿಲ್ಲ. ಪ್ರೆಶಿನ್ಸೇವಾ ಮೊಸರಿಗೂ ಪನೀರಿಗೂ ನಡುವಿನ ಪದಾರ್ಥ, ಹೊರಗಿನ ಊರುಗಳಲ್ಲಿ ಸಿಗುವುದು ಕಷ್ಟ. ಈಸ್ಟರ್ ಹಬ್ಬಕ್ಕೆ ಮಾಡುವ ತೋರ್ತಾ ಪಾಸ್ಕ್ವಲೀನಾ ಎಂಬ ಸೊಪ್ಪಿನ ಕಡುಬಿಗೂ ಅದೇ ಬೇಕು. ಯೇಸುವಿನ ಆಯುಸ್ಸಿನ ಲೆಕ್ಕಕ್ಕೆ 33 ಹಿಟ್ಟಿನ ಹಾಳೆಗಳನ್ನು ಒಂದರ ಮೇಲೊಂದು ಹೊದಿಸಬೇಕೆಂಬುದು ಸಂಪ್ರದಾಯ. ಈಗ ಯಾರೂ ಅಷ್ಟು ಎಣಿಸುವುದಿಲ್ಲವೆಂದು ಅಂಗಡಿಯವರೇ ಒಪ್ಪಿಕೊಂಡರು.

ನನ್ನಂತೆ ಸಸ್ಯಾಹಾರಿಗಳಾದವರು ಒಂದು ವಿಷಯ ತಿಳಿದಿರಬೇಕು. ಪಾರ್ಮಿಜಾನೊ ಚೀಸನ್ನು ಕರುವಿನ ಹೊಟ್ಟೆಯಿಂದ ತೆಗೆದ ಹೆಪ್ಪಿನಿಂದ ಮಾಡುತ್ತಾರೆ, ಹಾಗಾಗಿ ಕಟ್ಟುನಿಟ್ಟಿನವರು ಪೆಸ್ತೊವನ್ನೂ ಬಿಡಬೇಕಾದೀತು. ಪಾಸ್ಕ್ವಲೀನಾದೊಳಗೆ ಇಡೀ ಮೊಟ್ಟೆಗಳಿರುತ್ತವೆ. ಫರಿನಾತಾಕ್ಕೆ ಮಾತ್ರ ಯಾವ ಆತಂಕವೂ ಇಲ್ಲ, ಅದು ಹಾಲು ಕೂಡ ಮುಟ್ಟದವರಿಗೂ ಸಲ್ಲುತ್ತದೆ. ಮೀನು ತಿನ್ನುವವರಿಗೆ ಮೊಂತೆರೊಸ್ಸೊ ಎಂಬ ಕಡಲ ಕರೆಯ ಊರಿನ ಆಂಚೋವಿ ಎಂಬ ಪುಟ್ಟ ಮೀನು ಹೆಸರುವಾಸಿ. ರಾತ್ರಿ ದೋಣಿಗೆ ದೀಪ ಕಟ್ಟಿ ಹಿಡಿದು, ಪೀಪಾಯಿಯಲ್ಲಿ ಉಪ್ಪಿನ ಪದರಗಳ ನಡುವೆ ಜೋಡಿಸಿಡುತ್ತಾರೆ. ಅದರ ರುಚಿಯ ಬಗ್ಗೆ ಹೇಳುವ ಅಧಿಕಾರ ನನಗಿಲ್ಲ.

ಪೊನೆಂತೆಗೆ ನಾನು ಕೊಟ್ಟದ್ದು ಒಂದೇ ದಿನ. ಸಾನ್‌ರೆಮೊದ ಕಸೀನೊ, ಹೂವಿನ ವ್ಯಾಪಾರ, 1951ರಿಂದ ನಡೆಯುತ್ತಿರುವ ಸಂಗೀತೋತ್ಸವ ಯಾವುದೂ ನನ್ನನ್ನು ಸೆಳೆಯಲಿಲ್ಲ, ನಾನು ಹೋದದ್ದು ತಾಜ್ಜಾ ಎಂಬ ಊರಿನ ಆಲಿವ್ ತೋಟಗಳಿಗೆ. ಆ ಊರಿನ ಹೆಸರನ್ನೇ ಹೊತ್ತ ತಜ್ಜಾಸ್ಕಾ ಆಲಿವ್ ಬೆರಳ ತುದಿಯಷ್ಟು ಚಿಕ್ಕದು. ಅದರ ಎಣ್ಣೆಯಲ್ಲಿ ತೊಸ್ಕಾನಾದ ಎಣ್ಣೆಯ ಗಂಟಲು ಕೆರೆಯುವ ಖಾರವಿಲ್ಲ, ಬಾದಾಮಿಯನ್ನು ನೆನಪಿಸುವ ಸಿಹಿಯಿದೆ. ಪೆಸ್ತೊದಲ್ಲಿ ಎಲೆಯ ಪರಿಮಳವನ್ನು ಮುಚ್ಚದ ಎಣ್ಣೆ ಏಕೆ ಬೇಕೆಂಬುದು ಇಲ್ಲಿಗೆ ಬಂದ ಮೇಲೆ ತಿಳಿಯಿತು. ಮರಗಳ ಬುಡದಲ್ಲಿ ಸುತ್ತಿಟ್ಟ ಬಲೆಗಳನ್ನು ಕೊಯ್ಲಿನ ಕಾಲದಲ್ಲಿ ಇಳಿಜಾರಿನುದ್ದಕ್ಕೂ ಹಾಸುತ್ತಾರೆ, ಇಲ್ಲವಾದರೆ ಉದುರಿದ ಕಾಯಿ ಉರುಳಿ ನೇರ ಕಣಿವೆಗೆ. ಬೆಟ್ಟದ ನೆಲ್ಲಿಕಾಯಿಗೂ ಸಮುದ್ರದ ಉಪ್ಪಿಗೂ ಎಲ್ಲಿಯ ನಂಟು ಎನ್ನುವ ಮಾತಿದೆಯಷ್ಟೆ. ಇಲ್ಲಿ ನೆಲ್ಲಿಯ ಜಾಗದಲ್ಲಿ ಆಲಿವ್. ನಂಟು ಕೂಡಿಬರುವುದು ಫೊಕಾಚ್ಚಾದ ಮೇಲೆ ಬೆರಳಿನಿಂದ ಒತ್ತಿದ ಗುಳಿಗಳಲ್ಲಿ, ಅಲ್ಲಿ ಉಪ್ಪುನೀರೂ ಎಣ್ಣೆಯೂ ಒಟ್ಟಿಗೆ ನಿಂತು ಬೇಯುತ್ತವೆ.

ಲೆವಾಂತೆಯ ಕಡೆ ಸಿಗುವ ರೆಕ್ಕೊ ನೋಡಲು ಸಾಧಾರಣ ಊರು. ಎರಡನೆಯ ಮಹಾಯುದ್ಧದಲ್ಲಿ ಇಲ್ಲಿನ ರೈಲು ಸೇತುವೆಯನ್ನು ಗುರಿಯಾಗಿಸಿ ಸುರಿದ ಬಾಂಬುಗಳಿಂದ ಹಳೆಯ ಊರೆಲ್ಲ ನೆಲಸಮವಾಯಿತು, ಹಾಗಾಗಿ ಕ್ಯಾಮೆರಾ ಹಿಡಿದವರು ಇಲ್ಲಿ ಇಳಿಯುವುದಿಲ್ಲ. ಇಳಿಯುವವರೆಲ್ಲ ತಿನ್ನಲು ಬಂದವರು. ರೆಕ್ಕೊದ ಚೀಸ್ ಫೊಕಾಚ್ಚಾ ಹೆಸರಿಗಷ್ಟೇ ಫೊಕಾಚ್ಚಾ. ಅದಕ್ಕೆ ಹುದುಗು ಹಾಕುವುದಿಲ್ಲ. ಹಿಟ್ಟನ್ನು ಮುಷ್ಟಿಗಳ ಮೇಲೆ ಹಿಗ್ಗಿಸುತ್ತ ಹಿಗ್ಗಿಸುತ್ತ ಆಚೆಯ ಬೆಳಕು ಕಾಣುವಷ್ಟು ತೆಳುವಾಗಿಸಿ, ಅಂಥ ಎರಡು ಪದರಗಳ ನಡುವೆ ಮೃದುವಾದ ಹಸಿ ಚೀಸಿನ ಮುದ್ದೆಗಳನ್ನಿಟ್ಟು, ಮೇಲಿನ ಪದರವನ್ನು ಅಲ್ಲಲ್ಲಿ ಚಿವುಟಿ ತೂತು ಮಾಡಿ, ಬಿರುಸಾದ ಒಲೆಯಲ್ಲಿ ಕೆಲವೇ ನಿಮಿಷ ಬೇಯಿಸುತ್ತಾರೆ. 2015ರಿಂದ ಇದಕ್ಕೂ ಯುರೋಪಿನ ಭೌಗೋಳಿಕ ಗುರುತಿನ ಮಾನ್ಯತೆಯಿದೆ. ತೂತುಗಳಿಂದ ಉಕ್ಕಿದ ಚೀಸು ನನ್ನ ತುಟಿ ಸುಟ್ಟಿತು, ಆದರೂ ಎರಡನೆಯ ತುಂಡಿಗೆ ಕಾಯಲಿಲ್ಲ.

ರೆಕ್ಕೊದಿಂದ ರೈಲಿನಲ್ಲಿ ಕೆಲವೇ ನಿಮಿಷಗಳ ದೂರದ ಕಮೋಲಿಯಲ್ಲಿ ನಾನು ಮೂರು ರಾತ್ರಿ ಉಳಿದೆ. ಕಡಲಿಗೆ ಮುಖಮಾಡಿ ಸಾಲುಗಟ್ಟಿದ ಆರೇಳು ಅಂತಸ್ತಿನ ಮನೆಗಳಿಗೆ ಕೇಸರಿ, ಗುಲಾಬಿ, ಅರಿಸಿನದ ಬಣ್ಣಗಳು. ಅವುಗಳ ಕಿಟಕಿಗಳಲ್ಲಿ ಎಷ್ಟೋ ನಿಜವಾದವಲ್ಲ, ಗೋಡೆಯ ಮೇಲೆ ನೆರಳುಸಹಿತ ಬರೆದ ಚಿತ್ರಗಳು. ಬರೆದ ಕಿಟಕಿಯ ಪಕ್ಕದ ನಿಜವಾದ ಕಿಟಕಿಯಿಂದ ಅಜ್ಜಿಯೊಬ್ಬರು ಚಾದರ ಕೊಡವಿದಾಗ ಚಿತ್ರವೇ ಅಲುಗಾಡಿದಂತಾಯಿತು. ಇಲ್ಲಿನ ಮೀನುಗಾರರು ಟ್ಯೂನಾ ಹಿಡಿಯಲು ಕಟ್ಟುವ ಬಲೆಯನ್ನು ಇಂದಿಗೂ ತೆಂಗಿನ ನಾರಿನಿಂದ ಹೆಣೆಯುತ್ತಾರೆ. ಕಮೋಲಿಯಿಂದ ದೋಣಿಯಲ್ಲಿ ಸಾನ್ ಫ್ರುತ್ತುವೊಸೊಗೆ ಹೋಗಬಹುದು. ರಸ್ತೆಯೇ ಇಲ್ಲದ ಆ ಕೊಲ್ಲಿಯಲ್ಲಿ ಹಳೆಯ ಮಠವೊಂದು ನೀರಿನಂಚಿಗೆ ಕಮಾನುಗಳನ್ನೂರಿ ನಿಂತಿದೆ, ಜೆನೋವಾದ ದೋರಿಯಾ ಮನೆತನದವರ ಸಮಾಧಿಗಳು ಒಳಗಿವೆ. ಎದುರಿನ ಕಡಲಿನಲ್ಲಿ, ಸುಮಾರು 17 ಮೀಟರ್ ಆಳದಲ್ಲಿ, 1954ರಲ್ಲಿ ಇಳಿಸಿದ ಕ್ರಿಸ್ತನ ಕಂಚಿನ ಪ್ರತಿಮೆ ಎರಡೂ ಕೈ ಮೇಲೆತ್ತಿ ನಿಂತಿದೆ. ನಾನು ಮಠ ನೋಡಿ ಹೊರಬರುವಷ್ಟರಲ್ಲಿ ಗಾಳಿ ತಿರುಗಿ, ಅಲೆಗಳು ಜೆಟ್ಟಿಯ ಮೇಲೆ ಹಾಯತೊಡಗಿದ್ದವು. ಮರಳುವ ದೋಣಿ ಬರುವುದಿಲ್ಲವೆಂದು ಕೈಬೀಸಿ ತಿಳಿಸಿದರು. ಉಳಿದದ್ದು ಒಂದೇ ದಾರಿ, ಬೆಟ್ಟ ಹತ್ತಿ ಪೊರ್ತೊಫೀನೊಗೆ ಇಳಿಯುವುದು. ಸುಮಾರು ಎರಡು ಗಂಟೆಯ ಆ ನಡಿಗೆಯಲ್ಲಿ ಏದುಸಿರು ಬಿಡುತ್ತ ನಾನು ದೋಣಿಯನ್ನು ಬೈದುಕೊಂಡೆ, ಆದರೆ ಪೈನ್ ಮರಗಳ ರಾಳದ ವಾಸನೆ, ಕಾಲ್ತುಳಿತಕ್ಕೆ ಸಿಕ್ಕಿ ಘಮ್ಮೆನ್ನುವ ಕಾಡುಸೊಪ್ಪು, ಕೆಳಗೆ ಬೆಳ್ಳಗೆ ಒಡೆಯುವ ಕಡಲು ಇವೆಲ್ಲ ದೋಣಿಯಲ್ಲಿ ಕುಳಿತಿದ್ದರೆ ಸಿಗುತ್ತಿರಲಿಲ್ಲ. ಪೊರ್ತೊಫೀನೊದ ಬಗ್ಗೆ ಹೆಚ್ಚು ಬರೆಯುವುದಿಲ್ಲ. ವಿಹಾರ ನೌಕೆಗಳೂ ದುಬಾರಿ ಅಂಗಡಿಗಳೂ ಅಲ್ಲಿ ಬೇಕಾದಷ್ಟಿವೆ. ಚಿತ್ರ ತೆಗೆಯಲು ದಾರಿ ಕಟ್ಟಿ ನಿಲ್ಲುವವರಿಗೆ 275 ಯೂರೊವರೆಗೆ ದಂಡ ವಿಧಿಸುವ ನಿಯಮವನ್ನು 2023ರಲ್ಲಿ ತಂದರೆಂಬುದೇ ಅಲ್ಲಿನ ಜನಜಂಗುಳಿಯನ್ನು ಹೇಳುತ್ತದೆ.

ಊಟದ ಹೊತ್ತಿನ ಬಗ್ಗೆ ಒಂದು ಮಾತು. ಆ ದಿನ ಪೊರ್ತೊಫೀನೊ ಬಿಟ್ಟು ಮುಂದಿನ ಊರಿಗೆ ಬಂದಾಗ ಮಧ್ಯಾಹ್ನ ಮೂರೂವರೆ. ಒಂದಾದ ಮೇಲೊಂದು ಮೂರು ಊಟದ ಮನೆಗಳ ಬಾಗಿಲು ತಟ್ಟಿದರೂ ಒಲೆ ಆರಿತ್ತು. ಎರಡೂವರೆಯ ಹೊತ್ತಿಗೆ ಅಡುಗೆಮನೆ ಮುಚ್ಚಿ ಮತ್ತೆ ಏಳರ ಮೇಲೆಯೇ ತೆರೆಯುವುದು ಅಲ್ಲಿನ ಪದ್ಧತಿ. ಬಿಲ್ಲಿನಲ್ಲಿ ತಲೆಗೆ ಎರಡು ಮೂರು ಯೂರೊ ಕೊಪೆರ್ತೊ ಎಂದು ಸೇರಿರುತ್ತದೆ, ಅದು ಮೋಸವಲ್ಲ, ಮೇಜಿನ ಶುಲ್ಕ. ಬೇಕರಿಗಳು ಮಾತ್ರ ಹಸಿದವರ ಕೈಬಿಡುವುದಿಲ್ಲ.

ಕೊನೆಯ ಮೂರು ದಿನಗಳನ್ನು ಚಿಂಕ್ವೆ ತೆರ್ರೆಗೆ ಇಟ್ಟುಕೊಂಡಿದ್ದೆ. ಐದು ನೆಲಗಳು ಎಂದು ಅದರರ್ಥ: ಮೊಂತೆರೊಸ್ಸೊ, ವೆರ್ನಾತ್ಸಾ, ಕೊರ್ನೀಲಿಯಾ, ಮನರೋಲಾ, ರಿಯೊಮಜ್ಜೋರೆ. ಜೆನೋವಾದಿಂದ ಲಾ ಸ್ಪೆತ್ಸಿಯಾಕ್ಕೆ ರೈಲುಮಾರ್ಗ 1874ರಲ್ಲಿ ಪೂರ್ತಿಯಾಗುವವರೆಗೆ ಈ ಊರುಗಳನ್ನು ಸೇರಲು ದೋಣಿ ಮತ್ತು ಕಾಲುದಾರಿಯೇ ಗತಿಯಾಗಿತ್ತು. ಇಂದು ರೈಲು ಸುರಂಗದಿಂದ ಹೊರಬಂದು ಒಂದು ಕ್ಷಣ ಕಡಲನ್ನು ತೋರಿಸಿ, ಜನರನ್ನು ಇಳಿಸಿ, ಮತ್ತೆ ಸುರಂಗಕ್ಕೆ ನುಗ್ಗುತ್ತದೆ. ಇಳಿಯುವ ಜನವೆಂದರೆ ಜಾತ್ರೆ. ಐದೂ ಊರು ಸೇರಿದರೆ ಸುಮಾರು ನಾಲ್ಕು ಸಾವಿರ ನಿವಾಸಿಗಳು, ಅವರ ಓಣಿಗಳಲ್ಲಿ ವರ್ಷಕ್ಕೆ ಲಕ್ಷಾಂತರ ಪ್ರವಾಸಿಗರು. ಬೆಳಗಿನ ಹತ್ತರಿಂದ ಸಂಜೆಯ ಐದರವರೆಗೆ ವೆರ್ನಾತ್ಸಾದ ಬೀದಿಯಲ್ಲಿ ನಾನು ನಡೆದೆ ಎನ್ನುವುದಕ್ಕಿಂತ ಜನ ನನ್ನನ್ನು ನಡೆಸಿದರು ಎನ್ನುವುದೇ ಸರಿ. ಒಂದೇ ದಿನದಲ್ಲಿ ಐದನ್ನೂ ಮುಗಿಸುವ ಪ್ರವಾಸವನ್ನು ಯಾರಿಗೂ ಹೇಳಲಾರೆ. ರೈಲು ನಿಲ್ದಾಣದಿಂದ ಸುಮಾರು 380 ಮೆಟ್ಟಿಲು ಏರಬೇಕಾದ, ಕಡಲಿಗೆ ಇಳಿಯದೆ ಗುಡ್ಡದ ಮೇಲೆಯೇ ಕುಳಿತ ಕೊರ್ನೀಲಿಯಾದಲ್ಲಿ ಕೋಣೆ ಹಿಡಿದದ್ದು ಈ ಪ್ರವಾಸದಲ್ಲಿ ನಾನು ಮಾಡಿದ ಜಾಣತನ. ಸಂಜೆಯ ರೈಲುಗಳು ಜನರನ್ನು ಹೊತ್ತೊಯ್ದ ಮೇಲೆ ಚೌಕದಲ್ಲಿ ಉಳಿದವರು ಊರಿನವರು, ಬೆಕ್ಕುಗಳು ಮತ್ತು ನನ್ನಂಥ ನಾಲ್ಕಾರು ಮಂದಿ.

ಚಿತ್ರಗಳಲ್ಲಿ ಎಲ್ಲರೂ ನೋಡುವುದು ಬಣ್ಣದ ಮನೆಗಳನ್ನು. ನೋಡಬೇಕಾದದ್ದು ಅವುಗಳ ಬೆನ್ನಿಗಿರುವ ಗೋಡೆಗಳನ್ನು. ಕಡಲಿನಿಂದ ಗುಡ್ಡದ ನೆತ್ತಿಯವರೆಗೆ ಮೆಟ್ಟಿಲುಮೆಟ್ಟಿಲಾಗಿ ಕತ್ತರಿಸಿದ ತಾಕುಗಳನ್ನು ಹಿಡಿದು ನಿಲ್ಲಿಸಿರುವುದು ಗಾರೆಯಿಲ್ಲದೆ, ಕಲ್ಲಿನ ಮೇಲೆ ಕಲ್ಲಿಟ್ಟು ಕಟ್ಟಿದ ಗೋಡೆಗಳು. ಸಾವಿರ ವರ್ಷಗಳಿಂದ ತಲೆಮಾರುಗಳು ಕಟ್ಟುತ್ತ, ಬಿದ್ದದ್ದನ್ನು ಮತ್ತೆ ಎಬ್ಬಿಸುತ್ತ ಬಂದಿವೆ. ಈ ಇಳಿಜಾರುಗಳಿಗಾಗಿಯೇ 1997ರಲ್ಲಿ ನೆರೆಯ ಪೊರ್ತೊವೆನೆರೆ ಮತ್ತು ಅದರ ದ್ವೀಪಗಳ ಜೊತೆ ಚಿಂಕ್ವೆ ತೆರ್ರೆ ವಿಶ್ವಪರಂಪರೆಯ ಪಟ್ಟಿ ಸೇರಿತು. 1999ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು, ಒಣಕಲ್ಲಿನ ಗೋಡೆ ಕಟ್ಟುವ ಕಲೆಗೂ 2018ರಲ್ಲಿ ಯುನೆಸ್ಕೊದ ಮನ್ನಣೆ ದೊರೆಯಿತು. ಆದರೆ ಮನ್ನಣೆ ಗೋಡೆಯನ್ನು ಎತ್ತಿ ಹಿಡಿಯುವುದಿಲ್ಲ. ಬೇಸಾಯ ಬಿಟ್ಟ ತಾಕುಗಳಲ್ಲಿ ನೀರುದಾರಿ ಕಟ್ಟಿಕೊಂಡು, ಗೋಡೆ ಉಬ್ಬಿ, ಒಂದು ಮಳೆಗೆ ಜಾರುತ್ತದೆ. 2011ರ ಅಕ್ಟೋಬರ್ 25ರಂದು ಕೆಲವೇ ಗಂಟೆಗಳಲ್ಲಿ ಸುರಿದ ಭಾರಿ ಮಳೆಗೆ ಮೊಂತೆರೊಸ್ಸೊ ಮತ್ತು ವೆರ್ನಾತ್ಸಾದ ಬೀದಿಗಳು ಕೆಸರು ಮತ್ತು ಕಲ್ಲಿನಲ್ಲಿ ಹೂತುಹೋಗಿದ್ದವು. ರಿಯೊಮಜ್ಜೋರೆ ಮತ್ತು ಮನರೋಲಾಗಳ ನಡುವಿನ ಪ್ರೇಮದ ಹಾದಿ ಎಂಬ ಕಾಲುದಾರಿ 2012ರಲ್ಲಿ ಬಂಡೆ ಕುಸಿದು ಮುಚ್ಚಿದ್ದು, ತೆರೆಯಲು 2024 ಬರಬೇಕಾಯಿತು. ಈಗ ಸಮಯ ಕಾಯ್ದಿರಿಸಿ, ಹಣ ತೆತ್ತು ಹೋಗಬೇಕು.

ಮನರೋಲಾದ ಮೇಲಿನ ವೊಲಾಸ್ತ್ರಾದಿಂದ ಕೊರ್ನೀಲಿಯಾಕ್ಕೆ ದ್ರಾಕ್ಷಿತೋಟಗಳ ನಡುವೆ ಬರುವ ದಾರಿಯನ್ನು ನಾನು ಸೆಪ್ಟೆಂಬರ್ ಕೊನೆಯ ಒಂದು ಬೆಳಿಗ್ಗೆ ಹಿಡಿದೆ. ಕೊಯ್ಲು ನಡೆಯುತ್ತಿತ್ತು. ಒಂದೇ ಕಂಬಿಯ ಮೇಲೆ, ಮೋಟಾರು ಕಟ್ಟಿದ ಪುಟ್ಟ ಬಂಡಿಯೊಂದು ದ್ರಾಕ್ಷಿಯ ಬುಟ್ಟಿಗಳನ್ನು ಹೊತ್ತು, ಕಡಿದಾದ ಇಳಿಜಾರಿನಲ್ಲಿ ಗುರುಗುಟ್ಟುತ್ತ ಏರುತ್ತಿತ್ತು. ಈ ದ್ರಾಕ್ಷಿಯಲ್ಲಿ ಒಂದಿಷ್ಟನ್ನು ನೆರಳಿನಲ್ಲಿ ತಟ್ಟೆಗಳ ಮೇಲೆ ಹರವಿ ಒಣಗಿಸಿ, ನವೆಂಬರ್ ಹೊತ್ತಿಗೆ ಕಾಯಿಕಾಯಿಯಾಗಿ ಬಿಡಿಸಿ ಹಿಂಡುತ್ತಾರೆ. ಹಾಗೆ ಆಗುವ ಶಾಕೆತ್ರಾ ಎಂಬ ಜೇನುಬಣ್ಣದ ಸಿಹಿ ವೈನು ಹಿಂದೆ ಮದುವೆ ಮತ್ತು ಬಾಣಂತನಕ್ಕೆಂದು ಮನೆಯಲ್ಲಿ ಕಾಪಾಡಿಕೊಳ್ಳುವ ವಸ್ತುವಾಗಿತ್ತಂತೆ. ಹಿಂದಿನ ರಾತ್ರಿ ಬೆರಳಷ್ಟು ಲೋಟದಲ್ಲಿ ನಾನು ರುಚಿ ನೋಡಿದ್ದೆ. ಒಣ ಏಪ್ರಿಕಾಟಿನ ಸಿಹಿ, ಅದರ ಹಿಂದೆಯೇ ಗಾಳಿಯಲ್ಲಿ ಬಂದು ಎಲೆಗಳ ಮೇಲೆ ಕೂತ ಕಡಲಿನ ಉಪ್ಪು.

ದಾರಿಯ ತಿರುವೊಂದರಲ್ಲಿ ಗೋಡೆ ಒಂದಾಳುದ್ದ ಕುಸಿದಿತ್ತು. ಅರುವತ್ತು ದಾಟಿದ ರೈತರೊಬ್ಬರು ಬಿದ್ದ ಕಲ್ಲುಗಳನ್ನು ದೊಡ್ಡವು, ನಡುವಿನವು, ಚೂರುಗಳು ಎಂದು ಮೂರು ಗುಡ್ಡೆ ಮಾಡಿಕೊಂಡು ಕುಳಿತಿದ್ದರು. ಒಂದು ಕಲ್ಲನ್ನು ಎತ್ತಿ, ಎರಡು ಬಾರಿ ತಿರುಗಿಸಿ ನೋಡಿ, ಸಂದಿಗೆ ಕೂರಿಸಿ, ಅದು ಅಲುಗುವುದೇ ಎಂದು ಅಂಗೈಯಿಂದ ಒತ್ತಿ, ಹಿಂಭಾಗಕ್ಕೆ ಚೂರುಗಳನ್ನು ತುರುಕುತ್ತಿದ್ದರು. ದಾರಿ ಇಕ್ಕಟ್ಟಾದ್ದರಿಂದ ನಾನು ನಿಲ್ಲಬೇಕಾಯಿತು. ಅವರು ತಲೆಯೆತ್ತಿ ನೋಡಿ, ನನ್ನ ಕಾಲ ಬಳಿಯ ಕಲ್ಲೊಂದನ್ನು ಗಲ್ಲದಿಂದಲೇ ತೋರಿಸಿದರು. ಎತ್ತಿ ಕೊಟ್ಟೆ. ಅದನ್ನು ತಿರುಗಿಸಿ ನೋಡಿ ಬೇಡವೆಂದು ಪಕ್ಕಕ್ಕಿಟ್ಟು, ಅದರ ಪಕ್ಕದ್ದನ್ನು ತೋರಿಸಿದರು. ಅದನ್ನೂ ಕೊಟ್ಟೆ. ಅದು ಕೂತಿತು.